ಶರಣತ್ತೆ ಹೇಳಿದ ಭರಮಪ್ಪನ ಕಥೆ

ಕೊಟ್ಟೂರಿನ ನಮ್ಮ ಮನೆಯಲ್ಲಿ ಅಡುಗೆಮನೆಗೂ ಸಿನಿಮಾಕ್ಕೂ ನಡುವೆ ಇದ್ದದ್ದು ಒಂದೇ ಗೋಡೆ. ಗೋಡೆಯ ಈಚೆ ಅವ್ವ ರೊಟ್ಟಿ ಬಡಿಯುತ್ತಿದ್ದಳು, ಆಚೆ ಯಾರೋ ಯಾರಿಗೋ ಹೊಡೆಯುತ್ತಿದ್ದರು. ಎರಡೂ ಸದ್ದು ಬೆರೆತು, ಯಾವ ಪೆಟ್ಟು ಹಿಟ್ಟಿನ ಮೇಲೆ ಬಿತ್ತು, ಯಾವುದು ಮನುಷ್ಯನ ಮೇಲೆ ಬಿತ್ತು ಎಂಬುದು ನನಗೆ ಎಷ್ಟೋ ಸಲ ತಿಳಿಯುತ್ತಿರಲಿಲ್ಲ. ಮುಂದಿನ ಪಡಸಾಲೆ ಅಜ್ಜನ ಕಾಲದಲ್ಲಿ ಶೇಂಗಾ ಚೀಲ ಒಟ್ಟುವ ಜಾಗವಾಗಿತ್ತಂತೆ. ನನಗೆ ಬುದ್ಧಿ ತಿಳಿಯುವ ಹೊತ್ತಿಗೆ ಅಪ್ಪ ಅದರ ಕಿಟಕಿಗಳಿಗೆ ಗೋಣಿತಾಟು ಬಡಿದು, ಎತ್ತರದ ಮೇಜಿನ ಮೇಲೆ ಬಣ್ಣದ ಟಿವಿ ಇಟ್ಟು, ಮಗ್ಗುಲಲ್ಲಿ ವಿಸಿಆರ್ ಇಟ್ಟು ವಿಡಿಯೋ ಹಾಲ್ ಮಾಡಿದ್ದ. ಊರ ಬಾಯಲ್ಲಿ ಅದು ಚೀಲದ ಮನಿ ಟಾಕೀಸು. ಹಾಲಿನ ಗೋಡೆಗಳಿಂದ ಹಳೆಯ ಶೇಂಗಾ ಎಣ್ಣೆಯ ವಾಸನೆ ಯಾವತ್ತೂ ಹೋಗಲಿಲ್ಲ. ಅದರ ಜೊತೆ ಬೀಡಿಯ ಹೊಗೆ, ಮಂಡಕ್ಕಿ ಒಗ್ಗರಣೆಯ ಘಾಟು, ಕಾದ ಯಂತ್ರದ ವಾಸನೆ. ಇವೆಲ್ಲ ಕೂಡಿ ಆಗುತ್ತಿದ್ದ ಆ ಒಂದು ವಾಸನೆಯನ್ನು ನಾನು ಆಮೇಲೆ ಬಾಳಿದ ಯಾವ ಮನೆಯಲ್ಲಿ ಹುಡುಕಿದರೂ ಸಿಗಲಿಲ್ಲ. ಸಿಗುವುದಿಲ್ಲವೆಂದು ಗೊತ್ತಿದ್ದೂ, ಯಾವುದಾದರೂ ಹಳೇ ಮನೆಯ ಹೊಸ್ತಿಲು ದಾಟುವಾಗ ಒಂದು ಕ್ಷಣ ಮೂಗು ಹಿಗ್ಗುತ್ತದೆ.

ನಮ್ಮ ಊಟ ಆಟದ ಹೊತ್ತಿಗೆ ಕಟ್ಟುಬಿದ್ದಿತ್ತು. ಮಧ್ಯಾಹ್ನದ ಆಟ ಶುರುವಾಗುವುದರೊಳಗೆ ಎಲ್ಲರದೂ ಮುಗಿಯಬೇಕು, ಇಲ್ಲವಾದರೆ ಆಟ ಬಿಡುವತನಕ ಅಪ್ಪನಿಗೂ ಕಾಕನಿಗೂ ಊಟವಿಲ್ಲ. ಅಜ್ಜಿಗೆ ಇದು ಸೇರುತ್ತಿರಲಿಲ್ಲ. ಹೊಳಲಿನಿಂದ ಸೊಸೆಯಾಗಿ ಬಂದ ಆಕೆ, ಮಲಗಿದ ದೇವರ ಗುಡಿಯಿರುವ ಊರಿನವಳು ತಾನು, ಗದ್ದಲ ತನಗೆ ಆಗದು ಎನ್ನುತ್ತಿದ್ದಳು. ಸಂಜೆ ದೇವರ ಗೂಡಿಗೆ ದೀಪ ಹಚ್ಚುವ ಹೊತ್ತಿಗೇ ಆಚೆ ಕಡೆ ಮಹಾ ಹೊಡೆದಾಟ ನಡೆದಿರುತ್ತಿತ್ತು. ಬತ್ತಿ ಹೊಸೆಯುತ್ತಾ ಆಕೆ ಗೋಡೆಗೆ ಕೇಳುವಂತೆ ಕೂಗುತ್ತಿದ್ದಳು:

"ಇವತ್ತು ಎಷ್ಟು ಹೆಣ ಬಿದ್ವೋ ನಿಮ್ಮ ಟಾಕೀಸಿನಾಗ? ಮೈಲಿಗಿ ತೊಳ್ಕೊಂಡು ಒಳಗ ಬರ್ರಿ!"

ಆಚೆಯಿಂದ ಬಸಣ್ಣಕಾಕ, ಅಪ್ಪನ ಕಿರಿಯ ತಮ್ಮ, ನಗುತ್ತಾ ಉತ್ತರ ಕೊಡುತ್ತಿದ್ದ. ಅವನಿಗೆ ಆಗ ಮೀಸೆ ಕಪ್ಪಾಗಿ ಬಂದ ವಯಸ್ಸು. ಬೆಳಗಿನಿಂದ ಮಧ್ಯಾಹ್ನದತನಕ ಎಣ್ಣೆಯ ಮಿಲ್ಲಿನಲ್ಲಿ ಕೆಲಸ, ಉಳಿದ ಹೊತ್ತು ವಿಸಿಆರ್ ಮುಂದೆ. ಕ್ಯಾಸೆಟ್ಟು ಸಿಕ್ಕಿಹಾಕಿಕೊಂಡರೆ ಬೆರಳಿನಿಂದ ನಾಜೂಕಾಗಿ ಬಿಡಿಸುತ್ತಿದ್ದವನೂ ಅವನೇ, ಹಾಲಿನಲ್ಲಿ ಗಲಾಟೆ ಮಾಡಿದವರ ಕೊರಳಪಟ್ಟಿ ಹಿಡಿದು ಆಚೆ ಹಾಕುತ್ತಿದ್ದವನೂ ಅವನೇ. ಎರಡೂ ಕೆಲಸಕ್ಕೂ ಅದೇ ಕೈ.

ಇನ್ನು ಶರಣತ್ತೆ. ಅಪ್ಪನಿಗೆ ತಂಗಿ, ಬಸಣ್ಣಕಾಕನಿಗೆ ಅಕ್ಕ. ಅಜ್ಜಿ ಹೊಲಕ್ಕೆ ಹೋದಾಗಲೆಲ್ಲ ಕಾಕನನ್ನು ಸೊಂಟದ ಮೇಲೆ ಹೊತ್ತು ಬೆಳೆಸಿದವಳು ಅವಳೇ. ಅವಳನ್ನು ಹರಪನಹಳ್ಳಿಯ ಒಬ್ಬ ದರ್ಜಿಗೆ ಕೊಟ್ಟಿದ್ದರು. ಒಂದು ಮಧ್ಯಾಹ್ನ ಅವಳು ತಗಡಿನ ಟ್ರಂಕು ಹಿಡಿದು ಬಸ್ಸಿಳಿದು ಬಂದಳು. ಅವ್ವ ನೀರು ಕೊಟ್ಟಳು. ಯಾರೂ ಏನೂ ಕೇಳಲಿಲ್ಲ. ಅಜ್ಜಿ ಮಗಳ ತಲೆ ಸವರಲು ಹೋದಾಗ ಅತ್ತೆ ಸರಕ್ಕನೆ ಎಡಗಡೆಗೆ ಕೈ ಅಡ್ಡ ಹಿಡಿದಳು.

"ಈ ಕಡಿ ಕೇಳಸ್ತೈತೇನ?" ಅಜ್ಜಿ ಎಡಗಿವಿಯ ಹತ್ತಿರ ಬಾಗಿ ಮೆಲ್ಲಗೆ ಕೇಳಿದಳು.

ಅತ್ತೆ ತಿರುಗಿ ನೋಡಲೇ ಇಲ್ಲ. ಅಷ್ಟರಿಂದಲೇ ಎಲ್ಲರಿಗೂ ಎಲ್ಲವೂ ತಿಳಿಯಿತು. ಅಪ್ಪ ಟ್ರಂಕನ್ನು ಎತ್ತಿ ನಡುಮನೆಯ ಮೂಲೆಯಲ್ಲಿಟ್ಟ. ಅವತ್ತಿನಿಂದ ಆ ಮೂಲೆ ಅತ್ತೆಯದಾಯಿತು. ನಾನು ಅವ್ವನ ಮಗ್ಗುಲು ಬಿಟ್ಟು ಅವಳ ಬಲಗಿವಿಯ ಕಡೆ ಮಲಗಲು ಶುರುಮಾಡಿದೆ. ಆ ಕಡೆಯಿದ್ದರೆ ಎಷ್ಟು ಸಣ್ಣ ಗುಟ್ಟು ಹೇಳಿದರೂ ಅವಳಿಗೆ ಕೇಳಿಸುತ್ತಿತ್ತು.

ಅತ್ತೆಗೆ ಹರಪನಹಳ್ಳಿಯ ಓಣಿಯಲ್ಲಿ ನೆರೆಹೊರೆಯವರೆಲ್ಲ ಉರ್ದು ಮಾತಾಡುವವರು. ಗಂಡನ ಮನೆಯಲ್ಲಿ ಆಡಲು ಮಾತಿಲ್ಲದ ಅವಳು ಓಣಿಯ ಹೆಂಗಸರ ಜೊತೆ ಕೂತೂ ಕೂತೂ ಅವರ ಭಾಷೆ ಕಲಿತಿದ್ದಳು. ಅದು ಉಪಯೋಗಕ್ಕೆ ಬಂದದ್ದು ನಮ್ಮ ಹಾಲಿನಲ್ಲಿ. ಅಪ್ಪ ಹಗರಿಬೊಮ್ಮನಹಳ್ಳಿಯಿಂದ ಒಂದು ಚೀನೀ ಹೊಡೆದಾಟದ ಚಿತ್ರ ತಂದಿದ್ದ. ಬಾಯಿ ಚೀನಾದ್ದು, ಮಾತು ಹಿಂದಿಯದು. ಕೂಡ್ಲಿಗಿ ಕಡೆಯ ಹಳ್ಳಿಗಳಿಂದ ಸಂತೆಗೆ ಬಂದವರು ಕಿಕ್ಕಿರಿದು ಕೂತಿದ್ದರು. ಹೊಡೆದಾಟ ನಡೆದಷ್ಟು ಹೊತ್ತು ಸರಿ, ಮಾತು ಶುರುವಾದರೆ ಗೊಣಗಾಟ.

"ಏನಂತಾನಲೇ ಆ ಗಡ್ಡದಾವ? ಯಾಕ ಅಳಾಕತ್ತಾನ?"

ಬಾಗಿಲ ಪರದೆಯ ಹಿಂದೆ ನನ್ನ ಜೊತೆ ನಿಂತು ನೋಡುತ್ತಿದ್ದ ಅತ್ತೆ ತಡೆಯಲಾರದೆ ಗಟ್ಟಿಯಾಗಿ ಅಂದುಬಿಟ್ಟಳು:

"ಅಳದೇ ಏನ್ ಮಾಡ್ತಾನ್ರಿ? ಅವನ ಮಠಕ್ಕ ಬೆಂಕಿ ಹಚ್ಯಾರ!"

ಹಾಲ್ ಪೂರ್ತಿ ಹಿಂದಕ್ಕೆ ತಿರುಗಿತು. ಅತ್ತೆ ನಾಲಗೆ ಕಚ್ಚಿಕೊಂಡು ಒಳಗೆ ಓಡಿದಳು. ಆದರೆ ಜನ ಬಿಡಲಿಲ್ಲ. "ಅಕ್ಕಾರ, ಬರ್ರಿ, ಹೇಳ್ರಿ" ಎಂದು ಕೂಗಿದರು. ಅಪ್ಪ ಅಜ್ಜಿಯ ಮುಖ ನೋಡಿದ. ಅಜ್ಜಿ, ಗದ್ದಲ ಆಗದ ಅಜ್ಜಿ, ತಾನೇ ಮಣೆ ತೆಗೆದುಕೊಂಡು ಹೋಗಿ ಟಿವಿಯ ಪಕ್ಕ ಹಾಕಿದಳು. ಅತ್ತೆ ತಲೆಯ ಮೇಲೆ ಸೆರಗು ಹೊದ್ದು, ಬಲಗಿವಿಯನ್ನು ಟಿವಿಯ ಕಡೆ ಮಾಡಿ, ಮುಖ ಜನರ ಕಡೆ ಮಾಡಿ ಕೂತಳು. ಆಮೇಲೆ ಅದೇ ಅವಳ ಜಾಗ.

ಕಥಾನಾಯಕನ ಹೆಸರು ಯಾರ ಬಾಯಿಗೂ ಹೊರಳದಾಗ ಅತ್ತೆ ಅವನಿಗೆ ಭರಮಪ್ಪ ಎಂದು ಹೆಸರಿಟ್ಟಳು. ಭರಮಪ್ಪನ ಗುರುವನ್ನು ಖೂಳರು ಕೊಲ್ಲುತ್ತಾರೆ. ಭರಮಪ್ಪ ಗುಡ್ಡದ ಮೇಲೆ ಹೋಗಿ ಎರಡು ಕೈಯಲ್ಲೂ ಕೊಡ ಹಿಡಿದು ಮೆಟ್ಟಿಲು ಹತ್ತಿ ಇಳಿದು ವಿದ್ಯೆ ಕಲಿಯುತ್ತಾನೆ. ಕೆಳಗೆ ಬಂದು ಒಬ್ಬೊಬ್ಬರನ್ನೇ ಕೈ ಮುರಿದು ಮುಗಿಸುತ್ತಾನೆ. ಕೊನೆಯವನು ಬಿದ್ದಾಗ ಹಾಲಿನಲ್ಲಿ ಸೀಟಿಯೋ ಸೀಟಿ. ಸದ್ದು ಇಳಿದ ಮೇಲೆ ಅತ್ತೆ ಒಂದು ಮಾತು ಸೇರಿಸಿದಳು:

"ಎಲ್ಲಾರ್ನೂ ಕೊಂದ. ಆದ್ರ ಗುರು ಏನ್ ಎದ್ದು ಬರಲಿಲ್ಲ ನೋಡ್ರಿ."

ಜನ ಅದನ್ನು ಕೇಳಿಸಿಕೊಂಡರೋ ಇಲ್ಲವೋ. ಕಾಕನಂತೂ ಕೇಳಿಸಿಕೊಳ್ಳಲಿಲ್ಲ. ಅವನು ಮರುದಿನವೇ ಹಿತ್ತಲ ಬೇವಿನ ಮರಕ್ಕೆ ಮರಳು ತುಂಬಿದ ಚೀಲ ಕಟ್ಟಿ ಗುದ್ದಲು ಶುರುಮಾಡಿದ. ಚೀಲ ಓಲಾಡದಂತೆ ಹಿಂದಿನಿಂದ ತಬ್ಬಿ ಹಿಡಿಯುವ ಕೆಲಸ ನನ್ನದು. ಪ್ರತಿ ಗುದ್ದಿಗೂ ನನ್ನ ಎದೆಯೊಳಗೆ ದಢ್ ಎನ್ನುತ್ತಿತ್ತು. ಹೆಬ್ಬೆರಳನ್ನು ಒಳಗಿಟ್ಟು ಮುಷ್ಟಿ ಕಟ್ಟಿದರೆ ಮುರಿಯುತ್ತದೆ, ಹೊರಗಿಡಬೇಕು ಎಂದು ನನಗೆ ಕಲಿಸಿದವನು ಅವನು. ಅತ್ತೆ ಕಟ್ಟೆಯ ಮೇಲೆ ಕೂತು ಜೋಳ ಹಸನು ಮಾಡುತ್ತಾ ನಮ್ಮಿಬ್ಬರನ್ನು ನೋಡಿ ನಗುತ್ತಿದ್ದಳು. ಬಂದ ಮೇಲೆ ಅವಳು ಮೊದಲ ಸಲ ನಕ್ಕದ್ದು ಆಗಲೇ. ಆ ಕೆಲವು ತಿಂಗಳು ನಮ್ಮ ಮನೆ ತುಂಬಿಕೊಂಡಿತ್ತು. ಊಟಕ್ಕೆ ಕೂತಾಗ ಅತ್ತೆ ಕಾಕನ ತಾಟಿಗೆ ಕೇಳದೆಯೇ ಇನ್ನೊಂದು ರೊಟ್ಟಿ ಹಾಕುತ್ತಿದ್ದಳು. ಅವನು ಅರ್ಧ ಮುರಿದು ನನ್ನ ತಾಟಿಗೆ ದಾಟಿಸುತ್ತಿದ್ದ. ಅವ್ವ ಅದನ್ನು ನೋಡಿಯೂ ನೋಡದಂತಿರುತ್ತಿದ್ದಳು.

ಹರಪನಹಳ್ಳಿ ಮಾವ, ಅತ್ತೆಯ ಗಂಡ, ಒಂದು ದಿನ ಇಬ್ಬರು ಹಿರಿಯರನ್ನು ಕರೆದುಕೊಂಡು ಬಂದ. ಇಸ್ತ್ರಿ ಮಾಡಿದ ಅಂಗಿ, ಮೆತ್ತಗಿನ ಮಾತು. ಇಂಥವನು ಹೊಡೆಯುತ್ತಾನೆಂದರೆ ನಂಬಲಾಗದು. ನಡುಮನೆಯಲ್ಲಿ ಚಾಪೆ ಹಾಸಿದರು. ಹಿರಿಯರು ಅತ್ತೆಗೆ, ಆದದ್ದು ಆಯಿತು, ಮನೆಗೆ ನಡೆ ಎಂದರು.

"ಬರಂಗಿಲ್ರಿ," ಅತ್ತೆ ಬಾಗಿಲ ತೋಳಿಗೆ ಆತು ನಿಂತು ಹೇಳಿದಳು. "ನನಗ ಇಲ್ಲಿ ಎರಡು ಹೊತ್ತು ಕೂಳು ಐತಿ. ಯಾರೂ ಕೈ ಎತ್ತಂಗಿಲ್ಲ."

"ಕೂಳು ಇಲ್ಲದೆ ಏನು?" ಮಾವ ಅಂಗಿಯ ತೋಳು ಸರಿಮಾಡಿಕೊಳ್ಳುತ್ತಾ ಎದ್ದ. "ಗಂಡಸರ ನಡುವೆ ಕೂತು ಒದರೋಕೆ ನಿಂತಿದ್ದಾಳಂತೆ, ಊರೆಲ್ಲ ಹೇಳ್ತೈತೆ. ಇಂಥವಳನ್ನ ಕರ್ಕೊಂಡು ಹೋಗೋಕೆ ಬಂದಿದ್ದು ನಂದೇ ತಪ್ಪು."

ಅಪ್ಪ ಕಾಕನ ಮೊಣಕೈ ಹಿಡಿದುಕೊಂಡ. ಅಜ್ಜಿ ಮಾತ್ರ ಕೂತಲ್ಲಿಂದಲೇ, "ಬಾಗಲಾ ಆ ಕಡಿ ಐತಿ ನೋಡ್ರಿ" ಎಂದಳು. ಅವರು ಹೋದರು. ಕಾಕ ಅವತ್ತು ಮರಳಿನ ಚೀಲವನ್ನು ಹರಿಯುವವರೆಗೆ ಗುದ್ದಿದ. ಮರಳು ಸುರಿಯುತ್ತಿದ್ದರೂ ಗುದ್ದಿದ. ನಾನು ಹಿಡಿದುಕೊಳ್ಳಲು ಹೆದರಿ ದೂರ ನಿಂತಿದ್ದೆ.

ಅದಾಗಿ ಸ್ವಲ್ಪ ದಿನಕ್ಕೆ ಅವನು ಮಿಲ್ಲಿಗೆ ಹೋಗುತ್ತೇನೆಂದು ಹೇಳಿ ಹರಪನಹಳ್ಳಿಯ ಬಸ್ಸು ಹತ್ತಿದ. ಸಂಜೆ ನಾವೆಲ್ಲ ಊಟಕ್ಕೆ ಕೂತಿದ್ದಾಗ ಬಂದ. ಅಂಗಿಯ ಗುಂಡಿ ಕಿತ್ತುಹೋಗಿತ್ತು, ಮುಖದಲ್ಲಿ ಮಾತ್ರ ಬೆಳಕೇ ಬೆಳಕು. ಕೈಕಾಲು ತೊಳೆಯದೇ ಬಂದು ಅತ್ತೆಯ ಎದುರು ಕುಕ್ಕರಗಾಲಲ್ಲಿ ಕೂತ.

"ಅಕ್ಕಾ, ಮುಗಿಸಿ ಬಂದೆ. ಅಂಗಡಿಯಿಂದ ಎಳದು ಬಸ್ ಸ್ಟ್ಯಾಂಡಿನಾಗ ಹಾಕಿ ಹೊಡದೆ. ಕೈ ಮುಗುದ, ಕಾಲಿಗಿ ಬಿದ್ದ. ಬಿಡಲಿಲ್ಲ. ನಿನ್ನ ಮ್ಯಾಲ ಎತ್ತಿದ ಕೈ ಮುರದೀನಿ, ಬಲಗೈ. ಭರಮಪ್ಪ ಮುರದನಲ್ಲ, ಹಂಗ."

ಅವನು ಹೊಗಳಿಕೆಗಾಗಿ ಕಾಯುತ್ತಿದ್ದ. ಅತ್ತೆ ಕೈಯಲ್ಲಿದ್ದ ರೊಟ್ಟಿಯನ್ನು ಬುಟ್ಟಿಗೆ ಹಾಕಿದಳು.

"ಕಾಲಿಗಿ ಬಿದ್ದ ಮ್ಯಾಲ ಮುರದ್ಯಾ?"

"ಹೂಂ ಮತ್ತ!"

"ಹೊಡ್ತ ತಿಂದಾಕಿ ನಾನು. ನಾ ಹೇಳಿದ್ನೇನ ಹೋಗಂತ? ನನ್ನ ಒಂದು ಮಾತು ಕೇಳಿದ್ಯಾ? ಅವನೂ ಕೇಳತಿದ್ದಿಲ್ಲ, ನೀನೂ ಕೇಳಲಿಲ್ಲ." ಅವಳ ದನಿ ಏರಲಿಲ್ಲ. "ಕಾಲಿಗಿ ನಾನೂ ಬಿದ್ದಿದ್ದೆ ಬಸಣ್ಣ, ಅವನ ಕಾಲಿಗಿ. ಆಗ ಅವ ಹೆಂಗ ನೋಡಿದನೋ, ಈಗ ನೀ ಹಂಗ ನೋಡಾಕತ್ತೀ. ಅದೇ ಕಣ್ಣು."

ಕಾಕ ಎದ್ದು ಹಿತ್ತಲಿಗೆ ಹೋದ. ಅಪ್ಪ ಅರ್ಧ ಊಟ ಬಿಟ್ಟು ಎದ್ದ. ಮರುದಿನ ಅಪ್ಪನೂ ಊರ ಹಿರಿಯರೂ ಹರಪನಹಳ್ಳಿಗೆ ಹೋಗಿ, ಕೈ ಜೋಡಿಸಿ ನಿಂತು, ವಿಷಯ ಪೊಲೀಸರತನಕ ಹೋಗದಂತೆ ಮಾಡಿ ಬಂದರು. ಆ ಮನೆಯಲ್ಲಿ ಮಾವ ಮತ್ತು ಅವನ ಮುದಿ ತಾಯಿ ಇಬ್ಬರೇ. ಕತ್ತರಿ ಹಿಡಿಯುವ ಕೈಗೆ ಬಿದಿರಿನ ಪಟ್ಟಿ ಕಟ್ಟಿಕೊಂಡು ಮಾವ ಮುಚ್ಚಿದ ಅಂಗಡಿಯ ಮುಂದೆ ಕೂತಿದ್ದನಂತೆ. ಅಪ್ಪ ಅದನ್ನು ಹೇಳುವಾಗ ಅತ್ತೆ ಕೇಳಿಸದ ಕಿವಿಯನ್ನು ಅವನ ಕಡೆ ಮಾಡಿ ಕೂತಿದ್ದಳು.

ಅತ್ತೆ ಕಾಕನಿಗೆ ಬಡಿಸುವುದನ್ನು ಬಿಟ್ಟಳು, ಅವ್ವ ಬಡಿಸಿದಳು. ಅತ್ತೆ ಹಾಲಿಗೂ ಬರಲಿಲ್ಲ. "ಅಕ್ಕಾರು ಎಲ್ಲದಾರ?" ಎಂದು ಕೇಳಿ ಕೇಳಿ ಜನ ಕಡಿಮೆಯಾದರು. ಗೋಡೆಯಾಚೆ ಅದೇ ಗುದ್ದಿನ ಸದ್ದು, ಆದರೆ ನಡುವೆ ಅವಳ ದನಿ ಇಲ್ಲ. ದನಿಯಿಲ್ಲದ ಆ ಹೊಡೆದಾಟ ಎಷ್ಟು ಹೊಲಸಾಗಿ ಕೇಳುತ್ತಿತ್ತೆಂದರೆ ನಾನು ಕಿವಿ ಮುಚ್ಚಿಕೊಂಡು ಅಡುಗೆಮನೆಯಲ್ಲಿ ಕೂತಿರುತ್ತಿದ್ದೆ.

ಭರಮಪ್ಪನ ಎರಡನೇ ಭಾಗದ ಕ್ಯಾಸೆಟ್ಟು ಬಂದದ್ದು ಆಗಲೇ. ಅಪ್ಪ ಅತ್ತೆಯನ್ನು ಕೇಳಲು ಅಂಜಿ ಅವ್ವನನ್ನು ಕಳಿಸಿದ, ಅವ್ವ ಅಜ್ಜಿಯನ್ನು ಕಳಿಸಿದಳು. ಅಜ್ಜಿ, "ನೀ ಹೇಳಿದ್ರ ನಾನೂ ಬಂದು ಕುಂದ್ರತೀನಿ" ಎಂದಳು. ಅಜ್ಜಿ ಆ ಹಾಲಿನಲ್ಲಿ ಕೂತು ಸಿನಿಮಾ ನೋಡಿದವಳೇ ಅಲ್ಲ. ಅತ್ತೆ ಎದ್ದು ಸೆರಗು ಹೊದ್ದಳು.

ಎರಡನೇ ಭಾಗದಲ್ಲಿ ಭರಮಪ್ಪ ದೊಡ್ಡ ಹೆಸರು ಮಾಡಿದ್ದಾನೆ. ಶಿಷ್ಯರಿದ್ದಾರೆ, ಮೆರವಣಿಗೆಗಳಿವೆ, ಬೀದಿಯಲ್ಲಿ ಅವನಿಗೆ ದಾರಿ ಬಿಡದವರ ಹಲ್ಲು ಉದುರುತ್ತವೆ. ಒಬ್ಬ ಅವನನ್ನು ಎದುರು ಹಾಕಿಕೊಂಡು ಸೋಲುತ್ತಾನೆ, ಮಂಡಿಯೂರುತ್ತಾನೆ. ಭರಮಪ್ಪ ಸುತ್ತ ನೆರೆದವರನ್ನು ನೋಡಿ ನಗುತ್ತಾ ಅವನ ಕೈ ಹಿಡಿದು ಲಟಕ್ಕನೆ ಮುರಿಯುತ್ತಾನೆ. ಹಾಲಿನಲ್ಲಿ ಸೀಟಿ ಬಿತ್ತು. ಪರದೆಯ ಮೇಲೆ ಒಬ್ಬ ಹೆಂಗಸು ಓಡಿಬಂದು ಬಿದ್ದವನನ್ನು ತಬ್ಬಿ ಭರಮಪ್ಪನ ಕಡೆ ನೋಡಿ ಏನೋ ಅಂದಳು.

"ಆಕಿ ಅವನ ಹೇಣ್ತಿ," ಅತ್ತೆ ಹೇಳಿದಳು. "ಅವ ಕುಂಬಾರ ಅಂತ. ಆಕಿ ಏನಂತಾಳಂದ್ರ... ಇವ ನನ್ನ ಹೊಡೀತಿದ್ದ ಭರಮಪ್ಪ, ಒಳ್ಳೇವ ಅಲ್ಲ. ಆದ್ರೂ ಈ ಕೈಲೆ ಗಡಿಗಿ ಮಾಡತಿದ್ದ. ಊರ ಮಂದಿ ಆ ಗಡಿಗ್ಯಾಗ ನೀರು ಕುಡೀತಿದ್ರು. ನೀ ಮುರದಿದ್ದು ಹೊಡಿಯೋ ಕೈ ಒಂದೇ ಅಲ್ಲ. ಮುರಿಯಾಕ ನಿನಗ ಒಂದು ಗಳಿಗಿ ಸಾಕಾತು. ನೀ ಒಂದು ಗಡಿಗಿ ಮಾಡಿ ತೋರಸು ನೋಡಣ."

ಇಷ್ಟುದ್ದದ ಮಾತನ್ನು ಆ ಹೆಂಗಸು ಆಡಿರಲಿಲ್ಲ ಎಂಬುದು ಎಲ್ಲರಿಗೂ ಕಾಣುತ್ತಿತ್ತು. ಎಷ್ಟೋ ವರ್ಷಗಳ ಮೇಲೆ ನಾನು ಆ ಚಿತ್ರವನ್ನು ಅರ್ಥ ತಿಳಿದು ನೋಡಿದೆ. ಅಲ್ಲಿ ಕುಂಬಾರನೂ ಇಲ್ಲ, ಗಡಿಗೆಯೂ ಇಲ್ಲ. ಅವನು ಜೂಜಿನಕಟ್ಟೆಯ ಯಜಮಾನ, ಅವಳು ಅವನ ತಂಗಿ, ಸೇಡು ತೀರಿಸುತ್ತೇನೆ ಎನ್ನುತ್ತಾಳೆ, ಅಷ್ಟೆ. ಆದರೆ ಅವತ್ತು ಹಾಲಿನಲ್ಲಿದ್ದವರೆಲ್ಲ ಟಿವಿ ಬಿಟ್ಟು ಅತ್ತೆಯ ಮುಖವನ್ನೇ ನೋಡುತ್ತಿದ್ದರು. ವಿಸಿಆರ್ ಪಕ್ಕ ನಿಂತಿದ್ದ ಕಾಕ ತನ್ನ ಬಲಗೈಯನ್ನು ಎಡಗೈಯಿಂದ ಹಿಡಿದುಕೊಂಡಿದ್ದ. ಚಿತ್ರ ಇನ್ನೂ ನಡೆಯುತ್ತಿರುವಾಗಲೇ ಅವನು ಬಾಗಿಲ ಪರದೆ ಸರಿಸಿ ಹೊರಗೆ ಹೋದ.

ಮುಂದಿನ ವಾರದಿಂದ ಅವನು ಮಿಲ್ಲಿಗೆ ರಜೆಯಿದ್ದ ದಿನ ಬೆಳಿಗ್ಗೆಯೇ ಮನೆಯಲ್ಲಿ ಇರುತ್ತಿರಲಿಲ್ಲ. ಎಲ್ಲಿಗೆ ಹೋಗುತ್ತಾನೆಂದು ಬಸ್ಸಿನ ಕಂಡಕ್ಟರ್ ಅಪ್ಪನಿಗೆ ಹೇಳಿ, ಅದು ಮನೆಗೆ ಬಂತು. ಕಾಕ ಹರಪನಹಳ್ಳಿಗೆ ಹೋಗಿ ಮಾವನ ಅಂಗಡಿಯಲ್ಲಿ ದುಡಿಯುತ್ತಿದ್ದ. ಮೊದಲು ಬಾಗಿಲಲ್ಲೇ ನಿಂತು ಬಂದನಂತೆ, ಒಳಗೆ ಬಿಡಲಿಲ್ಲ. ಆಮೇಲೆ ಆ ಮುದುಕಿ ಬೋರಿನಿಂದ ನೀರು ತರಲಾರದೆ ಕೂತದ್ದನ್ನು ನೋಡಿ ಕೊಡ ಇಸಿದುಕೊಂಡನಂತೆ. ನೀರು ತುಂಬಿದ ಮೇಲೆ ಇಸ್ತ್ರಿ ಮಾಡಿದ. ಆಮೇಲೆ ಮಾವ ಬಾಯಲ್ಲಿ ಹೇಳಿದಂತೆ ಇವನು ಬಟ್ಟೆ ಕತ್ತರಿಸಿ, ಮಿಷನ್ ತುಳಿದು ಕೊಡುತ್ತಿದ್ದ.

ಇದು ಅತ್ತೆಗೆ ಮೊದಲಿನದಕ್ಕಿಂತ ಹೆಚ್ಚು ನೋವು ಮಾಡಿತು. ಅವನು ಬಂದು ಕೈಕಾಲು ತೊಳೆಯುತ್ತಿದ್ದಾಗ ಬಚ್ಚಲ ಬಾಗಿಲಿಗೆ ಅಡ್ಡ ನಿಂತಳು. ತಿಂಗಳುಗಳ ಮೇಲೆ ಅವನ ಜೊತೆ ಆಡಿದ ಮೊದಲ ಮಾತು ಅದು:

"ನನ್ನ ಹೊಡದಾವನ ಸೇವಾ ಮಾಡಾಕ ಹೊಂಟೀಯೇನ? ನಾಚ್ಕಿ ಆಗಂಗಿಲ್ಲ ನಿನಗ?"

"ಅವ ಒಳ್ಳೇವ ಅಂತ ಹೋಗಾಕತ್ತಿಲ್ಲ ಅಕ್ಕಾ," ಕಾಕ ತಂಬಿಗೆಯನ್ನು ಕೆಳಗಿಟ್ಟ. "ನನ್ನ ಕೈ ನನಗ ಸೇರವಲ್ದು, ಅದಕ್ಕ ಹೋಗಾಕತ್ತೀನಿ. ಉಣ್ಣಾಕ ಕುಂತ್ರ ಅದೇ ಸಪ್ಪಳ ಕೇಳಸ್ತೈತಿ, ಲಟಕ್ ಅಂದಿದ್ದು. ಅವ ಕತ್ತರಿ ಹಿಡಿಯೋತನಕ ಹೋಗ್ತೀನಿ. ನಿನ್ನ ಅಲ್ಲಿಗಿ ಕರಿಯಂಗಿಲ್ಲ, ಅವನ ಸುದ್ದಿ ಇಲ್ಲಿಗಿ ತರಂಗಿಲ್ಲ."

ಅತ್ತೆ ದಾರಿ ಬಿಟ್ಟಳು. ಒಪ್ಪಿದಳೆಂದಲ್ಲ.

ಒಮ್ಮೆ ನಾನು ಹಟ ಮಾಡಿ ಕಾಕನ ಜೊತೆ ಹೋದೆ. ನೀಲಗುಂದದ ಕಡೆಯ ಹಳ್ಳಿಯ ಜನ ಮದುವೆ ಬಟ್ಟೆಗೆಂದು ಅಂಗಡಿ ತುಂಬಾ ಬಂದಿದ್ದರು. ಕಾಕ ಯಾರದೋ ಅಂಗಿಯ ತೋಳನ್ನು ಅಡ್ಡ ಕತ್ತರಿಸಿಬಿಟ್ಟ. ಮಾವ ಎದ್ದು ಬಂದು, ಎಲ್ಲರೆದುರು, ಎಡಗೈಯಿಂದ ಅವನ ಕೆನ್ನೆಗೆ ಬಾರಿಸಿದ. ಕಾಕನ ಬಲಗೈ ಮುಷ್ಟಿಯಾದದ್ದನ್ನು ನಾನು ನೋಡಿದೆ, ಹೆಬ್ಬೆರಳು ಹೊರಗೆ. ಮಾವನೂ ನೋಡಿದ, ಅವನ ಮುಖ ಬಿಳಿಚಿತು. ಆಮೇಲೆ ಕಾಕನ ಬೆರಳುಗಳು ಒಂದೊಂದಾಗಿ ಬಿಚ್ಚಿಕೊಂಡವು. ಅವನು ಬಾಗಿ, ಹಾಳಾದ ಬಟ್ಟೆಯನ್ನು ನೆಲದಿಂದ ಎತ್ತಿಕೊಂಡು, "ಇದನ್ನ ಅರ್ಧ ತೋಳು ಮಾಡ್ತೀನ್ರಿ" ಎಂದ. ಮಿಷನ್ ಮುಂದೆ ಕೂತ. ಅವನ ಕೆನ್ನೆಯ ಮೇಲೆ ಎದ್ದ ಬೆರಳಿನ ಬಾಸುಂಡೆ ನೋಡಿ ನಾನು ಅಳಲು ಶುರುಮಾಡಿದೆ. ಆ ಮುದುಕಿ ನನ್ನ ಕೈಗೆ ಬೆಲ್ಲದ ಚೂರು ಕೊಟ್ಟಳು. ನಾನು ತಿನ್ನಲಿಲ್ಲ.

ಮನೆಗೆ ಬಂದವಳೇ ಅತ್ತೆಯ ಬಲಗಿವಿಗೆ ಎಲ್ಲವನ್ನೂ ಹೇಳಿದೆ. ಮರುದಿನ ಬೆಳಿಗ್ಗೆ ಅವಳು ಎದ್ದು ತಲೆಗೆ ಎರೆದುಕೊಂಡಳು, ಟ್ರಂಕಿನಿಂದ ಒಳ್ಳೆಯ ಸೀರೆ ತೆಗೆದು ಉಟ್ಟಳು, ಅಜ್ಜಿಗೆ "ಹರಪನಹಳ್ಳಿಗಿ ಹೋಗಿ ಬರ್ತೀನಿ" ಎಂದಳು. ಅಪ್ಪ ಎದ್ದು ಬಂದಾಗ, "ಯಾರೂ ಬರಬ್ಯಾಡ್ರಿ, ಈಕಿ ಸಾಕು" ಎಂದು ನನ್ನ ಕೈ ಹಿಡಿದಳು. ಬಸ್ಸಿನಲ್ಲಿ ದಾರಿಯುದ್ದಕ್ಕೂ ಆ ಕೈ ಬಿಡಲಿಲ್ಲ.

ಮಾವ ಅಂಗಡಿಯಲ್ಲಿ ಒಬ್ಬನೇ ಇದ್ದ. ಹಿಂದಿನ ಖೋಲಿಯಲ್ಲಿ ಮುದುಕಿ ಶೇಂಗಾ ಸುಲಿಯುತ್ತಿದ್ದಳು. ಅತ್ತೆಯನ್ನು ಕಂಡು ಅವನು ಎದ್ದು ನಿಂತ. ಅವಳು ಹೊಸ್ತಿಲು ದಾಟಲಿಲ್ಲ.

"ನನ್ನ ತಮ್ಮ ಇನ್ನ ಬರಂಗಿಲ್ಲ," ಅತ್ತೆ ಹೇಳಿದಳು. "ನಿನ್ನ ಕೈ ಮುರದಿದ್ದು ತಪ್ಪು. ಅದನ್ನ ನಾನೂ ಅಂದೀನಿ, ಅವನೂ ಒಪ್ಪಿಕೊಂಡಾನ. ಬಂದು ನೀರು ಹೊತ್ತ, ಮಿಷನ್ ತುಳದ, ಮಂದಿ ಮುಂದ ನಿನ್ನ ಕೈಲೆ ಹೊಡ್ತ ತಿಂದ. ಅವನ ಕಡಿಯಿಂದ ಮುಗೀತು." ಅವಳು ತಲೆಯ ಮೇಲಿನ ಸೆರಗು ಸರಿಸಿ ಎಡಗಿವಿಯನ್ನು ಅವನಿಗೆ ತೋರಿಸಿದಳು. "ಈ ಕಿವಿ ಸಲುವಾಗಿ ನನ್ನ ಮನಿಗಿ ಯಾರು ಬಂದು ದುಡದ್ರು?"

ಮಾವ ಗುಣವಾಗುತ್ತಿದ್ದ ಕೈಯನ್ನು ಮಿಷನ್ನಿನ ಚಕ್ರದ ಮೇಲೆ ಇಟ್ಟುಕೊಂಡು ಅದನ್ನೇ ನೋಡುತ್ತಾ ನಿಂತ. ಒಳಗಿನಿಂದ ಮುದುಕಿ ಗೋಡೆ ಹಿಡಿದು ಎದ್ದು ಬಂದಳು.

"ಮಾತಾಡೋ," ಎಂದಳು ಮಗನಿಗೆ. "ಅವಳು ಕೇಳ್ತಾ ಐದಾಳೆ. ಅವತ್ತು ನಾನೂ ಒಳಗೇ ಇದ್ದೆ, ನಾನೂ ಸುಮ್ನೆ ಕೂತಿದ್ದೆ. ನೀನಾದ್ರೂ ಮಾತಾಡೋ."

ಅವನು ಮಾತಾಡಲಿಲ್ಲ. ಅತ್ತೆ ಸ್ವಲ್ಪ ಹೊತ್ತು ಕಾದಳು, ನಿಜವಾಗಿಯೂ ಕಾದಳು. ಆಮೇಲೆ ಸೆರಗು ಹೊದ್ದು ಮುದುಕಿಗೆ, "ಬರ್ತೀನಿ ಅತ್ತಿ, ಮೈ ಕಡಿ ನೋಡ್ಕೋರಿ" ಎಂದು ತಿರುಗಿದಳು. ಬಸ್ ಸ್ಟ್ಯಾಂಡಿನಲ್ಲಿ ನನಗೆ ಕಬ್ಬಿನ ಹಾಲು ಕುಡಿಸಿದಳು. ತಾನೂ ಒಂದು ಗ್ಲಾಸು ಪೂರ್ತಿ ಕುಡಿದು, ಬಾಯಿ ಒರೆಸಿಕೊಂಡು, ಇನ್ನೊಂದು ಬೇಕೇನು ಎಂದು ಕೇಳಿದಳು. ಮನೆಗೆ ಬಂದಾಗ ಮಧ್ಯಾಹ್ನದ ಊಟದ ಹೊತ್ತು. ಸೀರೆ ಬದಲಿಸದೆಯೇ ಅವಳು ರೊಟ್ಟಿಯ ಬುಟ್ಟಿ ಎಳೆದುಕೊಂಡು ಕಾಕನ ಎದುರು ಕೂತು ಬಡಿಸಿದಳು. ಅವನು ಬಗ್ಗಿಸಿದ ತಲೆ ಎತ್ತದೆ ಉಂಡ. ಕಣ್ಣೀರು ಪಲ್ಲೆಯ ಮೇಲೆ ಬೀಳುತ್ತಿತ್ತು. ಅಜ್ಜಿ, "ಖಾರ ಜಾಸ್ತಿ ಆಗೈತೇನ್ಬೇ?" ಎಂದು ಅವ್ವನನ್ನು ಗದರಿದಳು.

ಆ ಹಾಲ್ ಬಹಳ ದಿನ ಉಳಿಯಲಿಲ್ಲ. ಮನೆಮನೆಗೆ ಕೇಬಲ್ ತಂತಿ ಬಂತು, ಜನ ಬರುವುದು ನಿಂತಿತು, ಅಪ್ಪ ಕಿಟಕಿಗಳ ಗೋಣಿತಾಟು ಕಿತ್ತು ಆ ಜಾಗದಲ್ಲಿ ಗಿರಣಿ ಹಾಕಿದ. ಕಾಕನ ಮದುವೆ ಹಿರೇಹಡಗಲಿಯ ಹುಡುಗಿಯ ಜೊತೆ ಆಯಿತು. ಅವನು ಮಕ್ಕಳ ಮೇಲೆ, ಹೆಂಡತಿಯ ಮೇಲೆ, ದನದ ಮೇಲೆ ಕೂಡ ಕೈ ಎತ್ತಿದ್ದನ್ನು ಯಾರೂ ಕಾಣಲಿಲ್ಲ. ಅತ್ತೆ ತನ್ನದೇ ಮಿಷನ್ ಕೊಂಡು ಓಣಿಯ ಹುಡುಗಿಯರಿಗೆ ಹೊಲಿಗೆ ಕಲಿಸುತ್ತಾ ನಮ್ಮ ನಡುಮನೆಯಲ್ಲೇ ಬಾಳಿದಳು, ನಾನು ಮದುವೆಯಾಗಿ ಊರು ಬಿಟ್ಟ ಮೇಲೆ ಒಂದು ಚಳಿಗಾಲ ಅಲ್ಲೇ ಕಣ್ಣು ಮುಚ್ಚಿದಳು. ಇದೆಲ್ಲ ಆಮೇಲಿನ ಮಾತು. ನನಗೆ ಈಗ ಬೇಕಾಗಿರುವುದು, ಸಿಗುವುದಾದರೆ ಉಳಿದದ್ದೆಲ್ಲವನ್ನೂ ಬಿಟ್ಟುಕೊಟ್ಟು ಪಡೆಯಬೇಕೆನಿಸುವುದು, ಮೂರನೇ ಭಾಗ ಬಂದ ಆ ಒಂದು ಮಧ್ಯಾಹ್ನ.

ಸಂತೆಯ ದಿನ. ಹಾಲಿನಲ್ಲಿ ಕಾಲಿಡಲು ಜಾಗವಿಲ್ಲ. ಅಜ್ಜಿ ಹೆಂಗಸರ ಸಾಲಿನಲ್ಲಿ ಮುಂದೆಯೇ ಕೂತಿದ್ದಳು, ಅವ್ವ ಹಿಟ್ಟಿನ ಕೈಯಲ್ಲೇ ಪರದೆ ಸರಿಸಿ ನಿಂತಿದ್ದಳು, ನಾನು ಅತ್ತೆಯ ತೊಡೆಗೆ ಆತು ಕೂತಿದ್ದೆ. ಮೂರನೇ ಭಾಗದ ಭರಮಪ್ಪನಿಗೆ ಗಡ್ಡ ನರೆತಿದೆ. ಯಾವುದೋ ಹಳ್ಳಿಯಲ್ಲಿ ಗುರುತು ಮರೆಸಿಕೊಂಡು ಕಟ್ಟಿಗೆ ಒಡೆಯುತ್ತಾನೆ. ಕೈ ಮುರಿಸಿಕೊಂಡವನ ಮಗ ಬೆಳೆದು ಅವನನ್ನು ಹುಡುಕಿಕೊಂಡು ಬರುತ್ತಾನೆ, ಹೊಡೆಯುತ್ತಾನೆ, ಉಗುಳುತ್ತಾನೆ. ಭರಮಪ್ಪ ಎಲ್ಲವನ್ನೂ ತಡೆದುಕೊಳ್ಳುತ್ತಾನೆ. ಹುಡುಗ ಹಳ್ಳಿಯವರ ಮೇಲೆ ಕತ್ತಿ ಎತ್ತಿದಾಗ ಮಾತ್ರ ಎದ್ದು ನಿಂತು, ನಾಲ್ಕೇ ಏಟಿಗೆ ಅವನನ್ನು ಕೆಡವಿ, ಐದನೆಯದಕ್ಕೆ ಎತ್ತಿದ ಮುಷ್ಟಿಯನ್ನು ಅವನ ಮುಖದ ಹತ್ತಿರ ತಂದು ನಿಲ್ಲಿಸುತ್ತಾನೆ. ಹಾಲಿನಲ್ಲಿ ಒಬ್ಬನೂ ಸೀಟಿ ಹಾಕಲಿಲ್ಲ. ಭರಮಪ್ಪ ಮುಷ್ಟಿ ಬಿಚ್ಚಿ, ಹುಡುಗನನ್ನು ಎಬ್ಬಿಸಿ ಕೂರಿಸಿ, ತುಂಬಾ ಹೊತ್ತು ಏನೋ ಮಾತಾಡಿದ. ಆಮೇಲೆ ತಿರುಗಿ ಗುಡ್ಡದ ಕಡೆ ನಡೆಯತೊಡಗಿದ. ಅತ್ತೆಯ ಕಣ್ಣು ಪರದೆಯ ಮೇಲಿರಲಿಲ್ಲ, ವಿಸಿಆರ್ ಪಕ್ಕ ನಿಂತಿದ್ದ ತಮ್ಮನ ಮೇಲಿತ್ತು.

ಹಿಂದಿನಿಂದ ಯಾರೋ ಕೇಳಿದರು: "ಅಕ್ಕಾರ, ಇಷ್ಟೊತ್ತು ಏನಂದನ್ರಿ ಅವ?"

"ಏನಿಲ್ರಿ," ಅತ್ತೆ ಹೇಳಿದಳು. "ಸಾಕಾಗೈತಂತ. ಮನಿಗಿ ಹೋಗಾಕತ್ತಾನ."

ಜನ ತಲೆದೂಗಿದರು, ಅದು ಸರಿಯೆನ್ನುವಂತೆ. ಒಬ್ಬೊಬ್ಬರೇ ಎದ್ದು, ಟವೆಲು ಕೊಡವಿ ಹೆಗಲಿಗೆ ಹಾಕಿಕೊಂಡು, ಮಲಗಿದ್ದ ಮಕ್ಕಳನ್ನು ಎತ್ತಿಕೊಂಡು ಹೊರಟರು. ಕಾಕ ಹೋಗಿ ಬೀದಿಯ ಬಾಗಿಲನ್ನು ಪೂರ್ತಿ ತೆರೆದ. ಮಧ್ಯಾಹ್ನದ ಬಿಸಿಲು ಒಮ್ಮೆಲೇ ಒಳಗೆ ನುಗ್ಗಿ ನಮ್ಮೆಲ್ಲರ ಮುಖದ ಮೇಲೆ ಬಿತ್ತು.